ಕತ್ತಿನ ಮೊಳೆ

ಮಲೇಷ್ಯಾದ ಮೂವಾರ್ ಊರಿನ ಆಸ್ಪತ್ರೆಯಲ್ಲಿ ಮಂಡಿಯ ಸ್ಕ್ಯಾನಿಗೆ ಬಂದಿದ್ದ ಝಲೇಹಾ, ಪಕ್ಕದ ಮುದಿ ದಂಪತಿಯ ಮಾತಿಗೆ ಕಿವಿಗೊಟ್ಟು ಕೂತಿದ್ದಳು. ನರ್ಸ್ ಕೊಟ್ಟ, ಹೆಂಡತಿಯ ಸ್ಕ್ಯಾನಿನ ಫಾರಂ ಮುದುಕನ ಕೈಯಲ್ಲಿತ್ತು.

“ಮೆಲೂರ್, ಮೈಯೊಳಗೆ ಕಬ್ಬಿಣ ಏನಾದ್ರೂ ಇದೆಯಾ ಅಂತ ಕೇಳಿದ್ದಾರೆ ಕಣೆ.”

“ಇಲ್ಲ ಅಂತ ಬರೀರಿ, ಅಬಾಂಗ್.”

“ದೆವ್ವವಾಗಿದ್ದ ನಿನ್ನನ್ನ ಹೆಂಗಸು ಮಾಡೋಕೆ ಕತ್ತಿನ ಹಿಂದೆ ನಾನೇ ಹೊಡೆದ ಮೊಳೆ ಇದೆಯಲ್ಲ? ಸ್ಕ್ಯಾನ್ ಮಷಿನ್ ಒಳಗಿರೋದು ಇಷ್ಟು ದೊಡ್ಡ ಅಯಸ್ಕಾಂತ. ಅದು ಮೊಳೆ ಕಿತ್ರೆ ನೀನು ಮತ್ತೆ ರಕ್ತ ಹೀರೋ ಪೊಂಟಿಯಾನಕ್ ದೆವ್ವ ಆಗಿ ಬಾಳೆಗಿಡ ಹತ್ತೀಯ.”

“ಮೊದ್ಲು ನಿಮ್ಮ ರಕ್ತ ಹೀರಿ, ಆಮೇಲೆ ಹತ್ತೀನಿ ಬಿಡಿ.”

“ನಡಿ, ಮನೆಗೆ ಹೋಗೋಣ. ನಿನ್ನ ಸೊಂಟನೋವು ಇದ್ರೆ ಇರ್ಲಿ.”

ಝಲೇಹಾ ಬೆಂಚಿನ ತುದಿಗೆ ಸರಿದಳು. ಎದ್ದು ಮಾತ್ರ ಹೋಗಲಿಲ್ಲ.

“ಮೊಳೆ ಎಲ್ಲಿದೆ ಈಗ?” ಎಂದಳು ಮೆಲೂರ್. “ನಮ್ಮ ಮಗಳು ಸಲ್ಮಿ ಆರು ವರ್ಷದವಳಿದ್ದಾಗ ಹೇನು ನೋಡ್ತಾ ನೋಡ್ತಾ ಕಿತ್ತು ಹಾಕಿದ್ಲು.”

“ಸಲ್ಮಿ ಮಗಳಿಗೇ ಈಗ ಮದುವೆ ವಯಸ್ಸು.”

“ಹೂಂ.”

“ಮತ್ತೆ ಗುರುವಾರ ಗುರುವಾರ ನಿನ್ನ ತಲೆಗೆ ಎಣ್ಣೆ ಹಚ್ಚಿ, ಮೊಳೆ ಗಟ್ಟಿ ಇದೆಯಾ ಅಂತ ಮುಟ್ಟಿ ನೋಡ್ತೀನಲ್ಲ, ಅದೇನು?”

“ನಿಮ್ಮ ಹಳೇ ಅಂಗಿ ಗುಂಡಿ. ಕೂದಲಿಗೆ ಕಟ್ಕೊಂಡಿದ್ದೀನಿ.”

“ಯಾಕೆ?”

“ಮೊಳೆ ಹೋಯ್ತು ಅಂದಿದ್ರೆ ಎಣ್ಣೆ ಹಚ್ಚೋಕೆ ಹತ್ರ ಬರ್ತಿದ್ರಾ?”

ಅವನು ಫಾರಂ ಮಡಿಸಿದ, ಮತ್ತೆ ಬಿಚ್ಚಿದ. ನರ್ಸ್ ಹೆಸರು ಕೂಗಿದಳು. ಮೆಲೂರ್ ತಲೆವಸ್ತ್ರದೊಳಗೆ ಕೈ ಹಾಕಿ, ಬಿಳಿ ಗುಂಡಿಯೊಂದನ್ನು ಬಿಚ್ಚಿ ಅವನ ಅಂಗೈಯಲ್ಲಿಟ್ಟಳು.

“ಕಳೀಬೇಡಿ. ಗುರುವಾರ ಬೇಕು,” ಎಂದು ಒಳಗೆ ಹೋದಳು.