ಶೂಟಿಂಗಿಗೆ ಬಂದ ಡಾಕ್ಟರು

ಖಾನಾಪುರ ಬಸ್‌ಸ್ಟ್ಯಾಂಡಿನ ಸಾಲಿನಲ್ಲಿ ನಿಂತಿದ್ದ ರೇಣವ್ವನ ಕಿವಿ ಮುಂದಿನ ಇಬ್ಬರು ಹೆಂಗಸರ ಮಾತಿಗೇ ಅಂಟಿಕೊಂಡಿತ್ತು. ಅದು ೧೯೮೬ನೇ ಇಸವಿ. ಕಣಕುಂಬಿಗೆ ಸಿನಿಮಾ ಶೂಟಿಂಗಿಗೆ ಬಂದ ಮುದಿ ಇಂಗ್ಲಿಷ್ ನಟ, ಅವರಲ್ಲೊಬ್ಬಳಾದ, ಮಗಳನ್ನು ಎತ್ತಿಕೊಂಡಿದ್ದ ರಾಜಬೀಯ ಮನೆಯ ಹೊರಕೋಣೆಯಲ್ಲಿ ಇಳಿದುಕೊಂಡಿದ್ದನಂತೆ.

“ನಿನ್ನೆ ಮಗಳಿಗೆ ಜ್ವರ ಬಂದಿತ್ತು ಮಾಯಕ್ಕಾ. ಅವರ ಕಡಿಂದ ಗುಳಿಗಿ ಇಸಗೊಂಡು ನುಂಗಿಸೀನಿ.”

“ಅಂವ ಡಾಕ್ಟರ್ ಅಂತ ಯಾರ ಹೇಳಿದ್ರು?”

“ಬೆಳಗಾವಿ ಟಾಕೀಸಿನಾಗ ನಾನ ಕಣ್ಣಾರೆ ನೋಡೀನಿ. ರಾಣಿ ನಾಡಿ ಹಿಡದಿದ್ರು.”

“ಟಿವ್ಯಾಗ ಪಾದ್ರಿ ಆಗಿದ್ದ. ಹೋದ ವರ್ಷದ ಸಿನಿಮಾದಾಗ ಇಡೀ ಮನಿಗೆ ವಿಷ ಹಾಕಿದ. ಇದರಾಗ ಖರೇ ಯಾವದು?”

“ಯಾ ಅಲ್ಲಾ! ಆದ್ರ ಜ್ವರ ಇಳದೈತಲ್ಲ?”

“ನಟನ ಗುಳಿಗಿ ತಂಗೀ. ಜ್ವರಾನೂ ಇಳದಂಗ ನಾಟಕ ಮಾಡಾಕತ್ತಿರಬೇಕು!”

ಕಣಕುಂಬಿ ಬಸ್ಸು ಬಂತು. ರಾಜಬೀ ಹತ್ತಲಿಲ್ಲ, ಸೊಂಟದ ಮೇಲಿದ್ದ ಮಗಳ ಹಣೆಯನ್ನು ಮತ್ತೆ ಮತ್ತೆ ಮುಟ್ಟಿ ನೋಡುತ್ತ ದವಾಖಾನೆಯ ಕಡೆ ಓಡಿದಳು.