ಪೆನ್ನು ಕೆಳಗಿಟ್ಟ ಜಡ್ಜು

"ಹಲೋ... ಹಲೋ, ಯಾರು ಮಾತಾಡ್ತಿರೋದು?... ಹಾಂ, ಗುಬ್ಬಿನೇ. ನಾನೇ ಕೌಸಲ್ಯ... ಮೈಸೂರಿಂದ ಟ್ರಂಕ್ ಕಾಲಾ? ಕೊಡಿ, ಕೊಡಿ..."

ಅರವತ್ತಮೂರನೇ ಇಸವಿಯ ಮಾತು. ಊರಿಗೆಲ್ಲ ಬೆರಳೆಣಿಕೆಯ ಫೋನು. ಕಾಯಿ ಮಂಡಿಯ ವೀರಭದ್ರಯ್ಯನವರು ರಿಸೀವರು ಅವಳ ಕೈಗೆ ಕೊಟ್ಟು, ದೊಡ್ಡ ಮನುಷ್ಯರ ಹಾಗೆ ಜಗಲಿಗೆ ಎದ್ದುಹೋದರು. ಹೊಲಿಗೆ ಮೇಡಂ ಕೌಸಲ್ಯ ಸ್ಕೂಲಿನಿಂದ ಓಡೋಡಿ ಬಂದಿದ್ದಳು. ಅಣ್ಣ ಸುಬ್ಬಕೃಷ್ಣನಿಗೆ ಹೇಳಿ ಕಳಿಸಿ ಕಳಿಸಿ ಸಾಕಾಗಿತ್ತು, ಅಂತೂ ಫೋನು ಮಾಡಿದ್ದ.

"ಅಣ್ಣಾ... ಕೇಳಿಸ್ತಿದೆ, ಹೇಳು. ಸೋಮವಾರ ತುಮಕೂರಿಗೆ ಬರ್ತೀಯಾ ತಾನೆ?... ಏನು?... ಡಾಕ್ಟರೇಟಾ? ಸಿಕ್ತಾ?... ಸಂತೋಷ ಅಣ್ಣ... ಇಲ್ಲ, ಸಂತೋಷಾನೇ. ನನ್ನ ದನಿ ಈಗ ಇರೋದೇ ಹೀಗೆ... ಪುಸ್ತಕಾನೂ ಆಗುತ್ತಾ? ಜಡ್ಜುಗಳು ಹೇಗೆ ತೀರ್ಮಾನಕ್ಕೆ ಬರ್ತಾರೆ ಅನ್ನೋದೇ ಅಲ್ವಾ? ನನಗೆ ಗೊತ್ತಿಲ್ದೇ ಇರುತ್ತಾ?..."

ಗೊತ್ತಿಲ್ಲದೆ ಏನು! ಆ ಸಂಶೋಧನೆಗೆಂದು ಅಣ್ಣ ಜಡ್ಜ್ ಸಾಹೇಬರ ಅಪ್ಪಣೆ ಪಡೆದು ತುಮಕೂರಿನ ಕೋರ್ಟಿನಲ್ಲಿ ಹಿಂದಿನ ಬೆಂಚು ಸವೆಸಿದ್ದ. ಸಾಕ್ಷಿ ಹೇಳಿದ್ದನ್ನು ಕೈಯಾರೆ ಬರೆದುಕೊಳ್ಳುವ ಆ ಜಡ್ಜು ಯಾರ ಮಾತಿಗೆ ಪೆನ್ನು ಕೆಳಗಿಡುತ್ತಾರೋ ಅವರು ಸೋತರು ಅಂತಲೇ ಲೆಕ್ಕ, ಇದು ಅವನು ಕಂಡುಹಿಡಿದ ಸೂತ್ರ. ಮಗಳು ವನಜ ತನಗೆ ಬೇಕೆಂದು ಕೌಸಲ್ಯ ಗಂಡನ ಮೇಲೆ ಹಾಕಿದ ಕೇಸೂ ಅವರ ಮುಂದೆಯೇ ಬಂತು. ಅವಳು ಕಟಕಟೆಯಲ್ಲಿ ಮಾತಾಡುತ್ತಿದ್ದಾಗ ಪೆನ್ನು ಕೆಳಗಿಳಿಯಿತು. ಅವತ್ತೇ ಸಂಜೆ ಅಣ್ಣ, ಸೋತು ಬರಿಗೈಯಲ್ಲಿ ಹೋಗುವ ಬದಲು ರಾಜಿಯಾಗು, ಹಬ್ಬಕ್ಕಾದರೂ ಮಗು ಕಳಿಸುವ ಹಾಗೆ ಬರೆಸಿಕೊಳ್ಳೋಣ ಎಂದ. ಓದಿದವನ ಮಾತು, ಇವಳು ರುಜು ಹಾಕಿದಳು. ಮಗು ಕುಣಿಗಲ್ಲಿಗೆ ಅಪ್ಪನ ಮನೆಗೆ ಹೋಯಿತು. ಹಬ್ಬಕ್ಕೂ ಕಳಿಸಲಿಲ್ಲ, ಮನೆಹಾಳರು.

"ಅದಿರ್ಲಿ ಅಣ್ಣ, ಮಂಜುಳಮ್ಮನ ಕೇಸು ಕೇಳಿದ್ಯಾ?... ಹಾಂ, ಅವಳೂ ಮಗೂಗೋಸ್ಕರಾನೇ ಕೋರ್ಟಿಗೆ ಬಂದಿದ್ದು. ಅವಳು ಮಾತಾಡುವಾಗ್ಲೂ ಪೆನ್ನು ಕೆಳಗಿಟ್ರಂತೆ. ಮಗೂನ ಅವಳಿಗೇ ಕೊಟ್ರು... ಹೌದು, ಅದೇ ಜಡ್ಜು!... ಲಾಯರ್ ಸೀತಾರಾಮಯ್ಯನೋರೇ ಅಂದ್ರು. ತಾಯಿ ಸಂಕಟ ಕೇಳ್ತಾ ಇದ್ರೆ ಅವರಿಗೆ ಬರೆಯೋಕೇ ಕೈ ಓಡಲ್ವಂತೆ..."

"ಏನಂದೆ? ಇನ್ನೊಂದ್ಸಲ ಹೇಳು... ಜಮೀನಿನ ಕೇಸಿಗೆ ಮಾತ್ರ ಸರಿಹೋಗುತ್ತಾ?... ನೀನು ನೋಡಿದ್ದೆಲ್ಲ ಬರೀ ಪಾಲು, ಬದುವಿನ ತಕರಾರು, ಅಲ್ವಾ?... ಮತ್ತೆ ನನ್ನ ಮಗು ಏನು ತೆಂಗಿನ ತೋಟಾನಾ ಅಣ್ಣ?..."

"ರಾಜಿ ಓದಿಸ್ದಾಗ ಜಡ್ಜು ನನ್ನ ಕೇಳಿದ್ರು, ನೆನಪಿದೆಯಾ? ಯಾರ ಬಲವಂತಾನೂ ಇಲ್ವೇನಮ್ಮಾ ಅಂತ. ಇಲ್ಲ ಅಂದೆ. ಯೋಚ್ನೆ ಮಾಡು ತಾಯಿ ಅಂತ ಮತ್ತೆ ಕೇಳಿದ್ರು. ನಾನು ನಿನ್ನ ಮುಖ ನೋಡ್ದೆ, ನೀನು ಹೂಂ ಅಂತ ತಲೆ ಆಡಿಸ್ದೆ... ಆಡಿಸ್ದೆ ಅಣ್ಣ, ನಾನೇ ನೋಡಿದೀನಲ್ಲ..."

"ಪುಸ್ತಕದಲ್ಲಿ ನನ್ನ ಕೇಸು ಬರುತ್ತಾ?... ಹಾಂ?... ರಾಜಿ ಆದ್ರೆ ತೀರ್ಪೇ ಅಲ್ವಾ?... ಓ. ಜಡ್ಜು ತೀರ್ಮಾನ ಮಾಡ್ಲಿಲ್ಲ, ಅದಕ್ಕೆ ಬಿಟ್ಬಿಟ್ಟೆ... ಮತ್ತೆ ತೀರ್ಮಾನ ಮಾಡಿದ್ದು ಯಾರಣ್ಣ?..."

ಕೌಸಲ್ಯಳಿಗೆ ಹುಟ್ಟಿದಾಗಿನಿಂದ ತಾನು ಒಂದು ಮಾತೂ ಎದುರಾಡದ ಅಣ್ಣನಿಗೆ ಹಿಡಿಶಾಪ ಹಾಕಬೇಕು ಅನ್ನಿಸಿತು. ಸೋಮವಾರ ಅವನು ಬೇಕಿತ್ತು. ನುಂಗಿಕೊಂಡಳು.

"ಜಗಳ ಬೇಡ ಅಣ್ಣ. ಹೊಸ ಅರ್ಜಿ ಹಾಕಿದೀನಲ್ಲ, ಸೋಮವಾರ ನೀನು ಬಂದ್ರೆ ಸಾಕು. ತಾಯಿಗೇ ಮಗು ಬೇಡ, ತಾನೇ ಬರ್ಕೊಟ್ಟಿದಾಳೆ ಅಂತಾನೆ ಅವರ ಲಾಯರು. ನೀನು ಸಾಕ್ಷಿ ಹೇಳ್ಬೇಕು, ನಾನೇ ತಂಗೀನ ಹೆದರಿಸಿ ರುಜು ಹಾಕ್ಸಿದೆ, ಪೆನ್ನು ನೋಡಿ ಸೋಲ್ತೀಯ ಅಂದೆ ಅಂತ. ನಿನ್ನ ಬಿಟ್ರೆ ಅದು ಇನ್ಯಾರಿಗೆ ಗೊತ್ತು?..."

"ಹೂಂ... ಹೂಂ... ಡಾಕ್ಟರೇಟ್ ಕೊಟ್ಟೋರು ನಗ್ತಾರಾ?... ಜಡ್ಜು ನಿನ್ನ ನಂಬಿ ಒಳಗೆ ಕೂರಿಸ್ಕೊಂಡಿದ್ರು, ನಿಜ... ಇನ್ನು ಯಾವ ಕೋರ್ಟಲ್ಲೂ ಸೇರ್ಸಲ್ವಾ?... ಅಣ್ಣ, ಮೊನ್ನೆ ಕುಣಿಗಲ್‌ಗೆ ಹೋಗಿದ್ದೆ. ವನಜ ನನ್ನ ನೋಡಿ ಅವರಜ್ಜಿ ಹಿಂದೆ ಬಚ್ಚಿಟ್ಕೊಂಡ್ಲು. ಯಾರೋ ಬಂದಿದಾರೆ ಅಂದ್ಲು. ಯಾರೋ ಅಂತೆ..."

"ಬರ್ತೀಯೋ ಇಲ್ವೋ, ಅಷ್ಟು ಹೇಳು... ನೋಡೋಣ ಗೀಡೋಣ ಬೇಡ... ಬರ್ತೀಯಾ?... ಅಣ್ಣಾ, ಬರ್ತೀಯಾ?..."

ನಡುವೆ ಟ್ರಂಕ್ ಆಪರೇಟರ್ ಹೆಂಗಸಿನ ದನಿ ತೂರಿಬಂತು. ಟೈಮ್ ಆಯಿತು, ಮುಂದುವರಿಸಬೇಕೇ ಎಂದು ಮೈಸೂರಿನ ಕಡೆಗೆ ಕೇಳುತ್ತಿದ್ದಳು.

"ನಿನ್ನೇ ಕೇಳ್ತಿದಾರೆ ಅಣ್ಣ, ಹೂಂ ಅನ್ನು... ನಾನು ಹೇಳಿದ್ರೆ ಆಗಲ್ಲ, ಕಾಲ್ ಮಾಡಿದೋರೇ ಹೇಳ್ಬೇಕು... ಮತ್ತೆ ಕೇಳ್ತಿದಾರೆ ನೋಡು. ಅಣ್ಣಾ, ದಮ್ಮಯ್ಯ, ಹೂಂ ಅನ್ನು..."

ಆ ಕಡೆಯಿಂದ ಅಣ್ಣ, ಬೇಡಮ್ಮ, ಮಾತು ಮುಗಿಯಿತು ಎಂದು ಬಹಳ ಮರ್ಯಾದೆಯಿಂದ ಆಪರೇಟರಿಗೆ ಹೇಳಿದ್ದು ಸ್ಪಷ್ಟವಾಗಿ ಕೇಳಿಸಿತು.

"ಅಣ್ಣಾ... ಹಲೋ... ಹಲೋ..."

ಲೈನು ಕಡಿದುಹೋಗಿತ್ತು.