ಟ್ರ್ಯಾಕ್ಟರ್ ತಿರುಗುವ ಜಾಗ

ಮಾದನಾಯಕನಹಳ್ಳಿ ಬಸ್‌ಸ್ಟಾಪಿನಲ್ಲಿ, ಗೋದಾಮಿನ ಕೆಲಸಕ್ಕೆ ಹೊರಟಿದ್ದ ವಿಜಯಪುರದ ಕಡೆಯವನೊಬ್ಬ ಹೆಂಡತಿಗೆ ಮೊಬೈಲ್ ಹಿಡಿದು ತೋರಿಸುತ್ತಿದ್ದ.

“ನೋಡ ರುಕ್ಮವ್ವಾ, ನಮ್ಮ ಸಂಗಣ್ಣನ ಹೊಸಾ ಟ್ರ್ಯಾಕ್ಟರ್.”

“ಮದಿಮಗಗ ಹಾಕಿದಂಗ ಅದಕ್ಕ ಹಾರಾ ಹಾಕ್ಯಾನ್ರಿ ನಿಮ್ಮ ತಮ್ಮ.”

“ಉಳಾಕ ಎತ್ತಿಗೆ ದಿನಗಟ್ಟಲೆ ಹಿಡಿಯೂದು, ಇದು ಬುರ್‍ರ್ ಅಂತ ತಾಸಿನ್ಯಾಗ ಮುಗಿಸ್ತು. ನಮ್ಮ ಹೊಲಾನೂ ಹೊಡದಾನ.”

“ಬುರ್‍ರ್ ಇರ್ಲಿ. ಅವನ ಹೊಲಕ್ಕೂ ನಮ್ಮ ಹೊಲಕ್ಕೂ ನಡುವ ಇದ್ದ ಒಡ್ಡು ಎಲ್ಲೈತಿ? ಅದರ ಮ್ಯಾಲಿನ ಬೇವಿನ ಗಿಡಾ ಎಲ್ಲೈತಿ?”

ಅವನು ಫೋಟೊ ದೊಡ್ಡದು ಮಾಡಿ ನೋಡಿದ.

“ಅದೂ… ಟ್ರ್ಯಾಕ್ಟರ್ ತಿರಗಾಕ ಜಾಗಾ ಸಾಲಂಗಿಲ್ಲಂತ. ತಗೀತೀನಿ ಅಂದಿದ್ದ.”

“‘ಜಾಗಾ ಸಾಲಂಗಿಲ್ಲಂತ!’ ಇಷ್ಟು ವರ್ಷ ಎತ್ತು ತಿರಗಲಿಲ್ಲೇನು? ನೀವರ ಫೋನಿನ್ಯಾಗ ಹಲ್ಲು ಕಿಸಗೊಂಡು ಹೂಂ ಅಂದ್ರಿ.”

“ಮತ್ತ ಹಾಕಿ ಕೊಡ್ತಾನ ಬಿಡ.”

“ಯಾವಾಗ, ಬಿತ್ತಿದ ಮ್ಯಾಲೆ? ಎಲ್ಲಿತನಕ ನಮ್ದು, ಎಲ್ಲಿತನಕ ಅವಂದು ಅಂತ ಆಗ ಟ್ರ್ಯಾಕ್ಟರ್‌ನ ಕೇಳ್ತೀರೇನು?”

ಬಸ್ ಬಂತು. ಅವನು ಮೆಟ್ಟಿಲಿಗೆ ಕಾಲಿಟ್ಟ. ರುಕ್ಮವ್ವ ಅವನ ಬುತ್ತಿಚೀಲ ಹಿಡಿದೆಳೆದಳು.

“ಇಳೀರಿ. ನಮ್ಮೂರಿನ ಬಸ್ಸು ಆ ಕಡೆ ನಿಲ್ತೈತಿ.”

“ಮತ್ತ ಕೆಲಸಾ?”

“ಒಡ್ಡು ಹಾಕೂದು ಕೆಲಸ ಅಲ್ಲೇನು?”

ಅವಳು ಮುಂದಾಗಿ ರಸ್ತೆ ದಾಟಿದಳು. ಹಿಂದೆ ಹೊರಟವನು ಇನ್ನೂ ಫೋಟೊದಲ್ಲಿ ಬೇವಿನ ಗಿಡ ಹುಡುಕುತ್ತಿದ್ದ.